‘ತಾತ್ಕಾಲಿಕವಾಗಿ’: ರಾಜ್ಯ ಒಡೆದಾಗ ನೌಕರ ಯಾವ ಕಡೆಯವನು?

(ಕಲಬುರಗಿಯಲ್ಲಿ ನಿವೃತ್ತ ನೌಕರರ ಸಭೆಯೊಂದರಲ್ಲಿ ಆಡಿದ ಮಾತಿನ ಬರಹ ರೂಪ. ಮಾತಿನ ಓಟವನ್ನು ಹಾಗೆಯೇ ಬಿಟ್ಟಿದ್ದೇನೆ. ಇಸವಿ, ಕಲಮುಗಳನ್ನು ಮಾತ್ರ ಮತ್ತೊಮ್ಮೆ ನೋಡಿ ಬರೆದಿದ್ದೇನೆ.)

ಎಲ್ಲರಿಗೂ ನಮಸ್ಕಾರ. ಇಲ್ಲಿ ಕೂತವರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ನನಗಿಂತ ಸೀನಿಯರು. ಸರ್ಕಾರಿ ನೌಕರರ ಸಭೆಯಲ್ಲಿ ಇದನ್ನು ಮೊದಲೇ ಒಪ್ಪಿಕೊಂಡುಬಿಟ್ಟರೆ ಮುಂದಿನ ಮಾತು ಸಲೀಸು. ಮೂವತ್ತು ಚಿಲ್ಲರೆ ವರ್ಷ ಸಿಬ್ಬಂದಿ ಶಾಖೆಯಲ್ಲಿ ಕೂತು, ಊರವರ ಜ್ಯೇಷ್ಠತಾ ಪಟ್ಟಿ ಬರೆಯುತ್ತ ಬರೆಯುತ್ತ ನನ್ನ ಬಡ್ತಿ ಕಾದವನು ನಾನು. ಹಾಗಾಗಿ ಇವತ್ತಿನ ವಿಷಯ ನನಗೆ ಪುಸ್ತಕದಿಂದ ಬಂದದ್ದಲ್ಲ, ಟಪಾಲಿನಿಂದ ಬಂದದ್ದು.

ಕೈಯಲ್ಲಿರುವುದು ನಮ್ಮಪ್ಪನ ಸೇವಾ ಪುಸ್ತಕದ ನಕಲು. ಹಿಂದೆ ಕೂತವರಿಗೆ ಕಾಣಲಿಕ್ಕಿಲ್ಲ, ಹೇಳುತ್ತೇನೆ. ಮೊದಲ ನಾಲ್ಕು ಪುಟ ಉರ್ದು. ಅಪ್ಪ ನಿಜಾಮರ ಸರ್ಕಾರದ ಮಾಲ್ ಖಾತೆಗೆ, ಅಂದರೆ ಕಂದಾಯ ಇಲಾಖೆಗೆ, ಅಹಲ್ಕಾರ್ ಆಗಿ ಸೇರಿದವರು. ಅಹಲ್ಕಾರ್ ಎಂದರೆ ಗುಮಾಸ್ತ. ಆಮೇಲಿನ ಪುಟಗಳು ಇಂಗ್ಲಿಷ್. ಕೊನೆಯವು ಕನ್ನಡ. ಮನುಷ್ಯ ಒಬ್ಬನೇ, ಕೂತ ಕುರ್ಚಿಯೂ ಬಹುಪಾಲು ಒಂದೇ ಊರಿನದು, ಭಾಷೆ ಮೂರು. ನಡುವೆ ಒಂದು ಪುಟದಲ್ಲಿ ಮೊಹರು ಬಿದ್ದಿದೆ: ಮೈಸೂರು ರಾಜ್ಯಕ್ಕೆ ‘ತಾತ್ಕಾಲಿಕವಾಗಿ’ ಹಂಚಲಾಗಿದೆ ಎಂದು. ಆ ಪದದ ಕೆಳಗೆ ಅಪ್ಪ ಕೆಂಪು ಶಾಯಿಯಿಂದ ಗೆರೆ ಎಳೆದಿದ್ದಾರೆ. ಸೇವಾ ಪುಸ್ತಕದಲ್ಲಿ ನೌಕರ ಗೀಚಬಾರದು. ಆದರೂ ಎಳೆದಿದ್ದಾರೆ. ಇವತ್ತು ನಾನು ಮಾತಾಡುವುದು ಆ ಒಂದು ಗೆರೆಯ ಬಗ್ಗೆಯೇ ಎಂದುಕೊಳ್ಳಿ.

ನಮ್ಮ ಮನೆಯಲ್ಲಿ ಒಂದು ತಮಾಷೆ ಇತ್ತು. ನಮ್ಮಣ್ಣ ಹುಟ್ಟಿದ್ದು ಹೈದರಾಬಾದ್ ರಾಜ್ಯದಲ್ಲಿ, ನಾನು ಹುಟ್ಟಿದ್ದು ಮೈಸೂರು ರಾಜ್ಯದಲ್ಲಿ, ಇಬ್ಬರೂ ಹುಟ್ಟಿದ್ದು ಒಂದೇ ಮನೆಯ ಒಂದೇ ಕೋಣೆಯಲ್ಲಿ. 1956ರ ನವೆಂಬರ್ 1ರಂದು ಮನೆ ಅಲುಗಲಿಲ್ಲ, ರಾಜ್ಯ ಅಲುಗಿತು.

ರಾಜ್ಯ ಒಡೆದಾಗ ಪತ್ರಿಕೆಗಳಲ್ಲಿ ಬರುವುದು ಗಡಿ, ನೀರು, ರಾಜಧಾನಿ, ಸಾಲ. ಇವೆಲ್ಲ ಹಂಚಲು ಬರುವಂಥವು. ನೀರನ್ನು ಟಿಎಂಸಿಯಲ್ಲಿ ಅಳೆಯಬಹುದು, ಸಾಲವನ್ನು ರೂಪಾಯಿಯಲ್ಲಿ. ಕಟ್ಟಡ ಎಲ್ಲಿ ನಿಂತಿದೆಯೋ ಅಲ್ಲಿನದು. ನೌಕರ ಮಾತ್ರ ಇದ್ಯಾವುದೂ ಅಲ್ಲ. ಅವನು ಹುಟ್ಟಿದ್ದು ಒಂದು ಕಡೆ, ಓದಿದ್ದು ಇನ್ನೊಂದು ಕಡೆ, ಹೆಂಡತಿಯ ಊರು ಮತ್ತೊಂದು ಕಡೆ, ಮನೆ ಕಟ್ಟಿಸಿದ್ದು ರಾಜಧಾನಿಯಲ್ಲಿ, ಆ ದಿನಕ್ಕೆ ವರ್ಗವಾಗಿ ಕೂತದ್ದು ಯಾವುದೋ ತಾಲ್ಲೂಕಿನಲ್ಲಿ. ಇವುಗಳಲ್ಲಿ ಯಾವುದನ್ನು ಹಿಡಿದು ‘ನೀನು ಈ ಕಡೆಯವನು’ ಎನ್ನಬೇಕು?

ಸರ್ಕಾರ ಇದಕ್ಕೆ ಒಂದು ಜಾಣ ಉತ್ತರ ಹುಡುಕಿಕೊಂಡಿದೆ. ಅದು ಹಂಚುವುದು ಮನುಷ್ಯರನ್ನಲ್ಲ, ಹುದ್ದೆಗಳನ್ನು. ಹುದ್ದೆ ಹಂಚಿ ಆದಮೇಲೆ ಅದಕ್ಕೆ ಹೊಂದುವ ಮನುಷ್ಯನನ್ನು ಹುಡುಕುತ್ತದೆ. ಅಂಗಿ ಮೊದಲು ಹೊಲಿದು ಆಮೇಲೆ ಮೈ ಹುಡುಕಿದ ಹಾಗೆ.

1947ರಲ್ಲಿ ದೇಶವೇ ಒಡೆದಾಗ ಹೀಗಿರಲಿಲ್ಲ. ಆಗ ನೌಕರನನ್ನು ನೇರವಾಗಿ ಕೇಳಿದರು, ಭಾರತವೋ ಪಾಕಿಸ್ತಾನವೋ ಎಂದು. ಅಲ್ಲೂ ಎರಡು ಬಗೆ ಇತ್ತು. ಅಂತಿಮ ಆಯ್ಕೆ, ತಾತ್ಕಾಲಿಕ ಆಯ್ಕೆ. ತಾತ್ಕಾಲಿಕ ಎಂದು ಬರೆದವರು ಆರು ತಿಂಗಳೊಳಗೆ ಮನಸ್ಸು ಬದಲಾಯಿಸಬಹುದಿತ್ತು. ಗಮನಿಸಿ, ಅಲ್ಲಿ ‘ತಾತ್ಕಾಲಿಕ’ ಎನ್ನುವುದು ನೌಕರನ ಅನುಕೂಲಕ್ಕಿದ್ದ ಪದ, ಅದಕ್ಕೊಂದು ಗಡುವೂ ಇತ್ತು. 1956ರ ಹೊತ್ತಿಗೆ ಪದ ಸರ್ಕಾರದ ಕೈಗೆ ಹೋಯಿತು. ಗಡುವು ಬಿದ್ದುಹೋಯಿತು.

1956ರ ರಾಜ್ಯ ಪುನರ್ವಿಂಗಡಣಾ ಕಾಯ್ದೆಯ 115ನೇ ಕಲಮು ಓದಿದರೆ ಇದು ಕಾಣುತ್ತದೆ. ಹಳೆ ಮೈಸೂರಿನಂತೆ ಇಡಿಯಾಗಿ ಬಂದ ರಾಜ್ಯದ, ಕೊಡಗಿನಂಥ ಪ್ರಾಂತ್ಯದ ನೌಕರರಿಗೆ ತೊಂದರೆ ಇಲ್ಲ. ಅವರು ಆ ದಿನವೇ ಹೊಸ ರಾಜ್ಯದವರು, ಮುಗಿಯಿತು. ತುಂಡಾದ ರಾಜ್ಯದವರ ಕಥೆ ಬೇರೆ. ಅವರು ‘ತಾತ್ಕಾಲಿಕವಾಗಿ’ ಪ್ರಧಾನ ಉತ್ತರಾಧಿಕಾರಿ ರಾಜ್ಯದಲ್ಲಿ, ಅಂದರೆ ಹಳೆಯ ರಾಜ್ಯದ ಮುಖ್ಯ ವಾರಸುದಾರ ಎಂದು ಕಾಯ್ದೆ ಗುರುತಿಸಿದ ರಾಜ್ಯದಲ್ಲಿ, ಮುಂದುವರಿಯುತ್ತಾರೆ, ಕೇಂದ್ರ ಸರ್ಕಾರ ಬೇರೆ ಆದೇಶ ಮಾಡಿದರೆ ಬೇರೆ ಕಡೆ ಹೋಗುತ್ತಾರೆ. ಹೈದರಾಬಾದ್ ರಾಜ್ಯದ ಪ್ರಧಾನ ಉತ್ತರಾಧಿಕಾರಿ ಯಾರು? ಆಂಧ್ರಪ್ರದೇಶ. ಮದ್ರಾಸಿನದು ಮದ್ರಾಸೇ. ಬೊಂಬಾಯಿಯದು ಬೊಂಬಾಯಿಯೇ. ಅಂದರೆ ಕಲಬುರಗಿಯಲ್ಲಿ ಹುಟ್ಟಿ, ಕಲಬುರಗಿಯಲ್ಲಿ ಬೆಳೆದು, ಕಲಬುರಗಿಯ ಕಚೇರಿಯಲ್ಲೇ ಕೂತ ಗುಮಾಸ್ತ ಕಾಯ್ದೆಯ ಮೂಲ ಲೆಕ್ಕದಲ್ಲಿ ಆಂಧ್ರದವನು. ದಿಲ್ಲಿಯಿಂದ ಒಂದು ಆದೇಶ ಬಂದರೆ ಮಾತ್ರ ಮೈಸೂರಿನವನು. ಆಮೇಲೆ ‘ಆದಷ್ಟು ಬೇಗ’ ಅಂತಿಮ ಹಂಚಿಕೆ ಎಂದಿದೆ ಕಾಯ್ದೆ. ಆದಷ್ಟು ಬೇಗ! ಕಡತದ ಭಾಷೆ ಗೊತ್ತಿದ್ದವರು ಇಲ್ಲಿ ನಗುತ್ತೀರಿ, ನಕ್ಕಿರಿ ಕೂಡ.

ಈಗ ಒಂದು ಚಿತ್ರ ಕಣ್ಮುಂದೆ ತಂದುಕೊಳ್ಳಿ. ಬೊಂಬಾಯಿಯಿಂದ ಬೆಳಗಾವಿ, ಬಿಜಾಪುರ, ಧಾರವಾಡ, ಕಾರವಾರ. ಹೈದರಾಬಾದಿನಿಂದ ಬೀದರ, ಗುಲಬರ್ಗಾ, ರಾಯಚೂರು. ಮದ್ರಾಸಿನಿಂದ ದಕ್ಷಿಣ ಕನ್ನಡ, ಕೊಳ್ಳೇಗಾಲ. ಜೊತೆಗೆ ಕೊಡಗು. ಬಳ್ಳಾರಿ 1953ರ ಅಕ್ಟೋಬರಿನಲ್ಲೇ ಬಂದಿತ್ತು, ಹಾಗಾಗಿ ಬಳ್ಳಾರಿಯವರು ನಮಗಿಂತ ಮೂರು ವರ್ಷ ಸೀನಿಯರ್ ಅಲಾಟಿಗಳು, ಅಂದರೆ ಬೇರೆ ರಾಜ್ಯದಿಂದ ಹಂಚಿಕೆಯಾಗಿ ಬಂದವರು. ಇಷ್ಟೂ ಕಡೆಯ ಕಂದಾಯ ಇಲಾಖೆಗಳನ್ನು ಒಂದೇ ಪಟ್ಟಿಗೆ ತರಬೇಕು. ತಾಲ್ಲೂಕಿನ ಯಜಮಾನ ಒಬ್ಬನೇ, ಆದರೆ ಹಳೆ ಮೈಸೂರಿನಲ್ಲಿ ಅವನು ಅಮಲ್ದಾರ. ಧಾರವಾಡದಲ್ಲಿ ಮಾಮಲೇದಾರ. ನಮ್ಮಲ್ಲಿ, ಮಂಗಳೂರಿನಲ್ಲಿ ತಹಸೀಲ್ದಾರ. ಮಡಿಕೇರಿಯಲ್ಲಿ ಸುಬೇದಾರ. ಹಳ್ಳಿಗೆ ಬಂದರೆ ಒಂದು ಕಡೆ ಶಾನುಭೋಗ, ಒಂದು ಕಡೆ ತಲಾಠಿ, ಒಂದು ಕಡೆ ಪಟವಾರಿ. ಜಿಲ್ಲೆಯ ಮುಖ್ಯಸ್ಥ ಮೈಸೂರಿನಲ್ಲಿ ಡೆಪ್ಯುಟಿ ಕಮಿಷನರ್, ಬೊಂಬಾಯಿ, ಮದ್ರಾಸಿನ ಕಡೆ ಕಲೆಕ್ಟರ್. ಎಲ್ಲಕ್ಕಿಂತ ನನಗೆ ಇಷ್ಟವಾದದ್ದು ‘ಅವ್ವಲ್’ ಎಂಬ ಪದ. ನಿಜಾಮರ ಕಾಲದಲ್ಲಿ ‘ಅವ್ವಲ್ ತಾಲ್ಲೂಕದಾರ’ ಎಂದರೆ ಇಡೀ ಜಿಲ್ಲೆಯ ಒಡೆಯ. ಬೊಂಬಾಯಿ ಪ್ರಾಂತ್ಯದಲ್ಲಿ ‘ಅವಲ್ ಕಾರಕೂನ’ ಎಂದರೆ ಮಾಮಲೇದಾರನ ಕಚೇರಿಯ ಹಿರಿಯ ಗುಮಾಸ್ತ. ಅರ್ಥ ಒಂದೇ, ‘ಮೊದಲನೆಯವನು’. ಎಲ್ಲಿ ಮೊದಲನೆಯವನು ಎನ್ನುವುದರಲ್ಲಿ ಆಕಾಶ ಭೂಮಿ ಅಂತರ.

ಯಾರು ಯಾರಿಗೆ ಸಮ? ಇದನ್ನು ತೀರ್ಮಾನಿಸಲು 1956ರ ಮೇ ತಿಂಗಳಲ್ಲಿ ಮುಖ್ಯ ಕಾರ್ಯದರ್ಶಿಗಳ ಸಭೆ ಕೂತು ನಾಲ್ಕು ಅಳತೆಗೋಲು ಕೊಟ್ಟಿತು. ಹುದ್ದೆಯ ಕೆಲಸದ ಸ್ವರೂಪ ಏನು, ಅಧಿಕಾರ ಮತ್ತು ಜವಾಬ್ದಾರಿ ಎಷ್ಟು ದೊಡ್ಡದು, ಸೇರಲು ಬೇಕಾದ ಕನಿಷ್ಠ ವಿದ್ಯಾರ್ಹತೆ ಏನು, ಕೊನೆಗೆ ಸಂಬಳ ಎಷ್ಟು. ಮಧ್ಯಪ್ರದೇಶದ ಒಂದು ಪ್ರಕರಣದಲ್ಲಿ, ಪಿ.ಕೆ. ರಾಯ್ ಪ್ರಕರಣ ಎಂದು ಸೇವಾ ವಕೀಲರೆಲ್ಲರಿಗೂ ಬಾಯಿಪಾಠ ಅದು, ಸುಪ್ರೀಂ ಕೋರ್ಟ್ 1967ರಲ್ಲಿ ಇದೇ ನಾಲ್ಕನ್ನು ಎತ್ತಿಹಿಡಿಯಿತು. ಮೊದಲ ಮೂರು ಹೊಂದಿದರೆ ಸಂಬಳ ಹೆಚ್ಚು ಕಡಿಮೆ ಇದ್ದರೂ ಹುದ್ದೆ ಸಮವೇ ಎಂದು ಅದೇ ನ್ಯಾಯಾಲಯ ಮುಂದೆ ಈ ತೀರ್ಪನ್ನು ಬಿಡಿಸಿ ಹೇಳಿತು. ಕೇಳಲು ನ್ಯಾಯವಾಗಿಯೇ ಇದೆ. ಆದರೆ ಸಂಬಳ ಕಡಿಮೆ ಇದ್ದ ರಾಜ್ಯದವನಿಗೆ ಇದು ಸಿಹಿ, ಹೆಚ್ಚು ಇದ್ದ ರಾಜ್ಯದವನಿಗೆ ಕಹಿ. ‘ನಾನು ಎಣಿಸುತ್ತಿದ್ದ ಸಂಬಳದ ಮುಕ್ಕಾಲು ಪಾಲು ಎಣಿಸುತ್ತಿದ್ದವನು ನನಗೆ ಹೇಗೆ ಸಮ?’ ಎನ್ನುತ್ತಿದ್ದರು ಅಪ್ಪನ ಜೊತೆಗಿನವರೊಬ್ಬರು. ಹೈದರಾಬಾದಿನ ಹಾಲಿ ಸಿಕ್ಕಾ ರೂಪಾಯಿ ಬೇರೆ, ಬ್ರಿಟಿಷ್ ರೂಪಾಯಿ ಬೇರೆ ಆಗಿದ್ದ ಕಾಲದಿಂದ ಬಂದವರು ಅವರು. ಏಳು ಸಿಕ್ಕಾಕ್ಕೆ ಆರು ಕಲ್ದಾರ್. ಲೆಕ್ಕದಲ್ಲಿ ಅವರನ್ನು ಯಾರೂ ಸೋಲಿಸಲು ಆಗುತ್ತಿರಲಿಲ್ಲ.

ಕಾಯ್ದೆ ನೌಕರನಿಗೆ ಒಂದು ರಕ್ಷಣೆ ಕೊಟ್ಟಿತ್ತು. ಹಳೆಯ ರಾಜ್ಯದ ಸೇವಾ ಶರತ್ತುಗಳನ್ನು ಅವನಿಗೆ ನಷ್ಟವಾಗುವಂತೆ ಬದಲಾಯಿಸಬೇಕಾದರೆ ಕೇಂದ್ರದ ಮುಂಚಿತ ಒಪ್ಪಿಗೆ ಬೇಕು. 115ರ 7ನೇ ಉಪಕಲಮು. ಅಲಾಟಿಗಳಿಗೆ ಇದು ಭಗವದ್ಗೀತೆ. ಆದರೆ 1957ರ ಮೇ 11ರಂದು ಕೇಂದ್ರ ಒಂದು ಜ್ಞಾಪನ ಕಳಿಸಿತು. ಸಂಬಳ, ರಜೆ, ಪಿಂಚಣಿ, ಭವಿಷ್ಯ ನಿಧಿ ಮುಟ್ಟಬೇಡಿ. ಪ್ರಯಾಣ ಭತ್ಯೆ, ಶಿಸ್ತು, ನಡತೆ, ಪ್ರೊಬೇಷನ್, ಇಲಾಖಾ ಬಡ್ತಿ, ಇವುಗಳಿಗೆ ರಕ್ಷಣೆ ಬೇಕಿಲ್ಲ ಎಂದಿತು. ನೋಡಿ, ಆ ಸಾಲಿನ ಕೊನೆಯಲ್ಲಿ ಸಾಧು ಹಸುವಿನ ಹಾಗೆ ಕೂತ ಪದ ಯಾವುದು? ಇಲಾಖಾ ಬಡ್ತಿ. ದಕ್ಷಿಣ ಕನ್ನಡ ಜಿಲ್ಲಾ ಕಚೇರಿಯ ಒಬ್ಬ ಗುಮಾಸ್ತರು ಇದನ್ನು ಹಿಡಿದು ಸುಪ್ರೀಂ ಕೋರ್ಟಿನವರೆಗೆ ಹೋದರು. ಮದ್ರಾಸಿನಲ್ಲಿ ನನಗಿದ್ದ ನಿಯಮ ಬೇರೆ, 1959ರ ಮೈಸೂರು ನಿಯಮದಿಂದ ನನಗೆ ನಷ್ಟ ಎಂದರು. ಆ ಜ್ಞಾಪನವೇ ಮುಂಚಿತ ಒಪ್ಪಿಗೆ ಎಂದು ನ್ಯಾಯಾಲಯ ಹೇಳಿತು. ಒಂದು ಕಾಗದ, ಸಾವಿರಾರು ಜನರ ಬಡ್ತಿ.

ಆಮೇಲೆ ಇನ್ನೊಂದು ತೀರ್ಪು ಬಂತು. ಹೈದರಾಬಾದಿನಿಂದ ಬೊಂಬಾಯಿ ಪಾಲಿಗೆ ಹೋದ ಮರಾಠವಾಡದ ಅಧಿಕಾರಿಗಳ ಪ್ರಕರಣ, 1973-74ರದು. ಬಡ್ತಿಗೆ ಪರಿಗಣಿಸಲ್ಪಡುವುದು ಸೇವಾ ಶರತ್ತು, ಬಡ್ತಿ ಸಿಗುವ ಅವಕಾಶ ಸೇವಾ ಶರತ್ತಲ್ಲ. ಈ ಒಂದು ವಾಕ್ಯವನ್ನು ನಾನು ಎಷ್ಟು ಟಿಪ್ಪಣಿಗಳಲ್ಲಿ ಬರೆದು ಎಷ್ಟು ಮನವಿಗಳನ್ನು ತಿರಸ್ಕರಿಸಲು ಶಿಫಾರಸು ಮಾಡಿದ್ದೇನೋ ಲೆಕ್ಕವಿಲ್ಲ. ಬಿಡಿಸಿ ಹೇಳುತ್ತೇನೆ. ಹಳೆಯ ರಾಜ್ಯದಲ್ಲಿ ನೀವು ಪಟ್ಟಿಯಲ್ಲಿ ಐದನೆಯವರು, ಮೇಲೆ ಮೂರು ಹುದ್ದೆ ಖಾಲಿ ಆಗಲಿದೆ. ಹೊಸ ರಾಜ್ಯದ ಪಟ್ಟಿಯಲ್ಲಿ ನೀವು ಎಂಬತ್ತನೆಯವರು. ನಿಮ್ಮ ಹೆಸರನ್ನು ಪರಿಗಣಿಸುತ್ತಾರೆ, ಖಂಡಿತ ಪರಿಗಣಿಸುತ್ತಾರೆ. ಎಂಬತ್ತನೇ ಸರದಿಯಲ್ಲಿ. ಕಾನೂನಿನ ಪ್ರಕಾರ ನಿಮಗೇನೂ ನಷ್ಟವಾಗಿಲ್ಲ.

ತೀರ್ಪು ತಪ್ಪು ಎನ್ನುತ್ತಿಲ್ಲ ನಾನು. ಬೇರೆ ಹಾಗೆ ಹೇಳಿದ್ದರೆ ಯಾವ ರಾಜ್ಯವೂ ಹೊಸ ನೇಮಕಾತಿ ನಿಯಮ ಮಾಡಲು ಆಗುತ್ತಿರಲಿಲ್ಲ. ಆದರೆ ಮನೆಯಲ್ಲಿ ಅಪ್ಪ ಊಟಕ್ಕೆ ಕೂತಾಗ ಆಡುತ್ತಿದ್ದ ಮಾತಿಗೂ ಈ ತೀರ್ಪಿನ ಮಾತಿಗೂ ನಡುವೆ ಎಷ್ಟು ದೂರ ಎಂದು ಹೇಳುತ್ತಿದ್ದೇನೆ.

ನಮ್ಮ ರಾಜ್ಯದಲ್ಲಿ ನಡೆದದ್ದು ಏನು? ಅಂತರರಾಜ್ಯ ಜ್ಯೇಷ್ಠತಾ ಪಟ್ಟಿ ಎಂದು ಒಂದೊಂದು ವೃಂದಕ್ಕೂ, ಅಂದರೆ ಒಂದೇ ದರ್ಜೆಯ ನೌಕರರ ಒಂದೊಂದು ಗುಂಪಿಗೂ, ಪಟ್ಟಿ ಆಗಬೇಕಿತ್ತು. ತಾತ್ಕಾಲಿಕ ಪಟ್ಟಿ, ಆಕ್ಷೇಪಣೆ, ಸಲಹಾ ಸಮಿತಿ, ಕೇಂದ್ರದ ತೀರ್ಮಾನ, ಮತ್ತೆ ಹೈಕೋರ್ಟು, ಮತ್ತೆ ಪಟ್ಟಿ. ಅಷ್ಟರವರೆಗೆ ಕಚೇರಿ ನಡೆಯಬೇಕಲ್ಲ? ಹಂಗಾಮಿ ಬಡ್ತಿ ಕೊಟ್ಟರು. ಅಂತಿಮ ಪಟ್ಟಿ ಬಂದಾಗ ಹಂಗಾಮಿ ಬಡ್ತಿಯಲ್ಲಿ ಹತ್ತು ವರ್ಷ ಕೂತವನು ಇಳಿಯಬೇಕು, ಕೆಳಗೆ ಹತ್ತು ವರ್ಷ ಕೂತವನು ಏರಬೇಕು. ಇಳಿಸಿದರೆ ಅವನು ಕೋರ್ಟಿಗೆ, ಏರಿಸದಿದ್ದರೆ ಇವನು ಕೋರ್ಟಿಗೆ. ಈ ಗೋಜಲು ಬಿಡಿಸಲೆಂದೇ ರಾಜ್ಯ ಬಡ್ತಿ, ವೇತನ, ಪಿಂಚಣಿಗಳ ನಿಯಂತ್ರಣಕ್ಕೆ ಪ್ರತ್ಯೇಕ ಕಾಯ್ದೆ ಮಾಡಬೇಕಾಯಿತು. ಅದರ ಹೆಸರಿನಲ್ಲಿರುವ ಇಸವಿ 1973. ಏಕೀಕರಣವಾಗಿ ಹದಿನೇಳು ವರ್ಷ! ರಾಜ್ಯದ ಹೆಸರು ಮೈಸೂರು ಹೋಗಿ ಕರ್ನಾಟಕ ಆದದ್ದೂ 1973ರಲ್ಲೇ. ನಮ್ಮ ಶಾಖೆಯಲ್ಲಿ ಒಬ್ಬ ಹಿರಿಯರು ಹೇಳುತ್ತಿದ್ದರು, ‘ರಾಜ್ಯಕ್ಕೇ ನಾಮಕರಣವಾಯಿತು, ನಮ್ಮ ಪಟ್ಟಿಗೆ ಇನ್ನೂ ತೊಟ್ಟಿಲು ಬಂದಿಲ್ಲ’ ಎಂದು.

ಅಪ್ಪನಿಗೂ ಕೊನೆಗೆ ಬಡ್ತಿ ಬಂತು. ಹಿಂದಿನ ದಿನಾಂಕದಿಂದ ‘ಕಾಲ್ಪನಿಕ’ ಬಡ್ತಿ. ಕಾಲ್ಪನಿಕ ಎಂದರೆ ಕಾಗದದಲ್ಲಿ ಏರಿದ್ದೀರಿ, ಬಾಕಿ ಹಣ ಇಲ್ಲ. ತಾತ್ಕಾಲಿಕದಿಂದ ಶುರುವಾದದ್ದು ಕಾಲ್ಪನಿಕದಲ್ಲಿ ಮುಗಿಯಿತು ಎಂದು ಅಪ್ಪನೇ ನಗುತ್ತಿದ್ದರು. ಅಮ್ಮ ನಗುತ್ತಿರಲಿಲ್ಲ. ಮನೆ ಖರ್ಚಿನ ಲೆಕ್ಕ ಅವಳ ಕೈಯಲ್ಲಿತ್ತು.

ಈಗ ನಮ್ಮ ನೆರೆಮನೆಗೆ ಬನ್ನಿ. 1956ರಲ್ಲಿ ಗುಲಬರ್ಗಾ ಜಿಲ್ಲೆಯಿಂದ ಕೊಡಂಗಲ್, ತಾಂಡೂರು ತಾಲ್ಲೂಕುಗಳು ಆಂಧ್ರಕ್ಕೆ ಹೋದವು. ಅವತ್ತು ಆಂಧ್ರದವಾದ ಆ ಊರುಗಳು 2014ರ ಜೂನ್ 2ರಂದು ತೆಲಂಗಾಣದವಾದವು. ಹೈದರಾಬಾದ್ ಸರ್ಕಾರದ ನೌಕರಿಗೆ ಅಲ್ಲಿ ಮೊದಲಿಂದಲೂ ‘ಮುಲ್ಕಿ’ ಎಂಬ ಮಾತಿತ್ತು. ಹದಿನೈದು ವರ್ಷ ಇಲ್ಲೇ ಬದುಕಿದವನಿಗೆ ಮಾತ್ರ ಇಲ್ಲಿ ಕೆಲಸ. ಆ ಮಾತಿನ ಮೇಲೆಯೇ 1969ರಲ್ಲಿ ತೆಲಂಗಾಣ ಹೊತ್ತಿ ಉರಿಯಿತು. 1972ರಲ್ಲಿ ಸುಪ್ರೀಂ ಕೋರ್ಟ್ ಮುಲ್ಕಿ ನಿಯಮ ಸರಿ ಎಂದಾಗ ಈ ಸಲ ಕರಾವಳಿ ಆಂಧ್ರ ಉರಿಯಿತು. 1973ರ ಆರು ಅಂಶದ ಸೂತ್ರ, ಸ್ಥಳೀಯರಿಗೆ ನೌಕರಿಯಲ್ಲಿ ಆದ್ಯತೆ ಕೊಡಲು ಸಂವಿಧಾನದ 371-ಡಿ, 1975ರ ರಾಷ್ಟ್ರಪತಿ ಆದೇಶ, ನೇಮಕಾತಿಗೆಂದು ರಾಜ್ಯವನ್ನು ಹಂಚಿದ ಆರು ವಲಯಗಳು, ನಿಯಮ ಮುರಿದು ಬಂದವರನ್ನು ವಾಪಸು ಕಳಿಸಲು 1985ರ 610ನೇ ಸರ್ಕಾರಿ ಆದೇಶ. ಒಂದು ರಾಜ್ಯ ಒಡೆಯಲು ನೌಕರಿಯ ಪ್ರಶ್ನೆ ಎಷ್ಟು ದೊಡ್ಡ ಕಾರಣ ಆಗಬಲ್ಲದು ಎನ್ನಲು ಇದಕ್ಕಿಂತ ಉದಾಹರಣೆ ಬೇಡ. ನೀರು, ನಿಧಿ, ನೌಕರಿ ಎಂಬುದು ತೆಲಂಗಾಣ ಚಳವಳಿಯ ಘೋಷಣೆಯೇ ಆಗಿತ್ತು.

ಆದರೆ ವಿಚಿತ್ರ ನೋಡಿ. ಜಗಳಕ್ಕೆ ಕಾರಣವಾದ ಆ ವಲಯ ಪದ್ಧತಿಯೇ ರಾಜ್ಯ ಒಡೆದಾಗ ಕೆಲಸ ಹಗುರ ಮಾಡಿತು. ಜಿಲ್ಲಾ ವೃಂದ, ವಲಯ ವೃಂದದ ನೌಕರರು ಯಾವ ವಲಯದಲ್ಲಿದ್ದರೋ ಆ ವಲಯ ಬಿದ್ದ ರಾಜ್ಯಕ್ಕೆ ಸೇರಿದರು. ಶಿಕ್ಷಕರು, ಪೊಲೀಸರು, ಕೆಳಹಂತದ ಬಹುಪಾಲು ಜನರ ಚಿಂತೆ ಒಂದೇ ಕಲಮಿನಲ್ಲಿ ತೀರಿತು. ಉಳಿದದ್ದು ರಾಜ್ಯ ಮಟ್ಟದ ವೃಂದ, ಅಂದರೆ ಸಚಿವಾಲಯ, ಇಲಾಖಾ ಮುಖ್ಯಸ್ಥರ ಕಚೇರಿಗಳು. ಇದಕ್ಕೆ ನಿವೃತ್ತ ಐಎಎಸ್ ಅಧಿಕಾರಿ ಸಿ.ಆರ್. ಕಮಲನಾಥನ್ ಅವರ ಸಲಹಾ ಸಮಿತಿ. ಅಖಿಲ ಭಾರತ ಸೇವೆಯವರಿಗೆ ಪ್ರತ್ಯೂಷ್ ಸಿನ್ಹಾ ಸಮಿತಿ. ಹುದ್ದೆಗಳನ್ನು ಜನಸಂಖ್ಯೆಯ ಪ್ರಮಾಣದಲ್ಲಿ ಹಂಚಿದರು. ಆಂಧ್ರಕ್ಕೆ 58.32, ತೆಲಂಗಾಣಕ್ಕೆ 41.68. ನೂರಕ್ಕೆ ಎರಡು ದಶಾಂಶ ಸ್ಥಾನದವರೆಗೆ! ಮನುಷ್ಯನಿಗೆ ದಶಾಂಶ ಇರುವುದಿಲ್ಲವಲ್ಲ ಎಂದು ನನ್ನ ಮೊಮ್ಮಗಳು ಕೇಳಿದಳು. ಹುದ್ದೆಗೆ ಇರುತ್ತದಮ್ಮಾ ಎಂದೆ.

ನೌಕರರಿಂದ ಆಪ್ಷನ್ ಪಡೆದರು. ಹಿರಿತನದ ಸರದಿ ಹಿಡಿದರು. ಯಾರು ಯಾವ ಕಡೆಯ ‘ಸ್ಥಳೀಯ’ ಎಂಬುದಕ್ಕೆ 1975ರ ಆದೇಶದ ಅಳತೆ, ಅಂದರೆ ಶಾಲೆ ಓದಿದ್ದು ಎಲ್ಲಿ ಎಂಬುದು. ಐವತ್ತೈದು ವಯಸ್ಸಿನ ಅಧಿಕಾರಿ ಹಳ್ಳಿ ಶಾಲೆಗೆ ಹೋಗಿ, ತಾನು ಅಲ್ಲಿ ಓದಿದ್ದೆ ಎಂದು ಹೆಡ್‌ಮಾಸ್ತರ ಸಹಿ ಪಡೆಯುವ ದೃಶ್ಯ ಊಹಿಸಿಕೊಳ್ಳಿ. ಗಂಡ ಹೆಂಡತಿ ಇಬ್ಬರೂ ನೌಕರಿಯಲ್ಲಿದ್ದವರಿಗೆ, ವಿಧವೆಯರಿಗೆ, ಅಂಗವಿಕಲರಿಗೆ, ದೊಡ್ಡ ಕಾಯಿಲೆಯವರಿಗೆ ವಿಶೇಷ ಪರಿಗಣನೆ ಇತ್ತು. 1956ರಲ್ಲಿ ಇಷ್ಟು ಸೂಕ್ಷ್ಮ ಇರಲಿಲ್ಲ. ಅದನ್ನು ಒಪ್ಪಿಕೊಳ್ಳಬೇಕು.

ಆಪ್ಷನ್ ಬರೆಯುವಾಗ ನೌಕರ ಏನು ಯೋಚಿಸುತ್ತಾನೆ? ಹುಟ್ಟಿದ ನೆಲ ಎಂದು ನೀವು ಹೇಳಬಹುದು. ನಾನು ನಂಬುವುದಿಲ್ಲ. ವಿಭಜನೆಯಾದ ತಿಂಗಳೇ ಆಂಧ್ರ ಸರ್ಕಾರ ನಿವೃತ್ತಿ ವಯಸ್ಸನ್ನು 58ರಿಂದ 60ಕ್ಕೆ ಏರಿಸಿತು. ತೆಲಂಗಾಣದಲ್ಲಿ 58ರಲ್ಲೇ ಉಳಿಯಿತು, 2021ರಲ್ಲಿ 61 ಆಗುವವರೆಗೆ. ಅಂದರೆ 57 ತುಂಬಿದವನಿಗೆ ಒಂದು ಕಡೆ ಒಂದು ವರ್ಷದ ಕೆಲಸ, ಇನ್ನೊಂದು ಕಡೆ ಮೂರು ವರ್ಷದ್ದು. ಮಗಳ ಮದುವೆ, ಸಾಲದ ಕಂತು, ಪಿಂಚಣಿಗೆ ಹಿಡಿಯುವ ಕೊನೆಯ ಸಂಬಳ, ಎಲ್ಲವೂ ಆ ಎರಡು ವರ್ಷದಲ್ಲಿದೆ. ನೀವಾದರೆ ಏನು ಬರೆಯುತ್ತಿದ್ದಿರಿ? (ಸಭೆಯಲ್ಲಿ ಯಾರೋ ‘ಅರವತ್ತು’ ಎಂದರು. ಎಲ್ಲರೂ ನಕ್ಕರು.)

ಹೈದರಾಬಾದ್ ಹತ್ತು ವರ್ಷ ಜಂಟಿ ರಾಜಧಾನಿ ಎಂದಿತ್ತು ಕಾಯ್ದೆ. ಆದರೂ 2016ರಲ್ಲೇ ಆಂಧ್ರದ ಸಚಿವಾಲಯ ಅಮರಾವತಿಯ ವೆಲಗಪೂಡಿಗೆ ಹೊರಟಿತು. ಮಕ್ಕಳ ಶಾಲೆ, ಕಟ್ಟಿಸಿದ ಮನೆ, ವಯಸ್ಸಾದ ತಂದೆತಾಯಿ ಹೈದರಾಬಾದಿನಲ್ಲಿ. ಕೆಲಸ ಕೃಷ್ಣಾ ತೀರದಲ್ಲಿ. ಸರ್ಕಾರ ವಾರಕ್ಕೆ ಐದೇ ದಿನ ಕೆಲಸ ಎಂದಿತು, ಹೋಗಿ ಬರಲು ರೈಲು ಬಿಡಿಸಿತು. ಹೋದವರ ಮಕ್ಕಳು ಅಲ್ಲಿ ‘ಹೊರಗಿನವರು’ ಆಗಿಬಿಡುತ್ತಾರಲ್ಲ ಎಂಬ ಅಂಜಿಕೆಗೆ, ವಿಭಜನೆಯಾದ ಮೂರು ವರ್ಷದೊಳಗೆ ಬಂದು ನೆಲೆಸಿದರೆ ಸ್ಥಳೀಯ ಸ್ಥಾನಮಾನ ಎಂದು ರಾಷ್ಟ್ರಪತಿ ಆದೇಶವನ್ನೇ ತಿದ್ದಿಸಿದರು. ಆ ಮೂರು ವರ್ಷ ಆಮೇಲೆ ಹಿಗ್ಗುತ್ತ ಹೋಯಿತು. ತಾತ್ಕಾಲಿಕ ಸವಲತ್ತೂ ತಾತ್ಕಾಲಿಕ ಹಂಚಿಕೆಯ ತಮ್ಮನೇ.

ಇಷ್ಟೆಲ್ಲ ಸೂಕ್ಷ್ಮವಾಗಿ ಮಾಡಿದರೂ ಎಲ್ಲಿ ಎಡವಿದರು? ಸರ್ಕಾರಿ ಇಲಾಖೆಗಳಿಗೆ ಸಮಿತಿ ಇತ್ತು. ನಿಗಮ, ಮಂಡಳಿ, ಕಂಪನಿಗಳ ಗತಿ? ಕಾಯ್ದೆಯ 9 ಮತ್ತು 10ನೇ ಅನುಸೂಚಿಯಲ್ಲಿ ಹೆಸರು ಸೇರಿಸಿ ಬಿಟ್ಟರು. ವಿದ್ಯುತ್ ಕಂಪನಿಗಳ ಕಥೆ ನೋಡಿ. 2015ರ ಜೂನ್‌ನಲ್ಲಿ ತೆಲಂಗಾಣದ ವಿದ್ಯುತ್ ಸಂಸ್ಥೆಗಳು 1,157 ನೌಕರರನ್ನು, ಇವರು ಆಂಧ್ರ ಮೂಲದವರು ಎಂದು, ಒಂದೇ ಏಟಿಗೆ ಬಿಡುಗಡೆ ಮಾಡಿದವು. ಬಿಡುಗಡೆ ಆದೇಶ ಹಿಡಿದು ಆಂಧ್ರಕ್ಕೆ ಹೋದರೆ ಅಲ್ಲಿ ಸೇರಿಸಿಕೊಳ್ಳಲಿಲ್ಲ. ಬಿಡುಗಡೆ ಆಗಿದೆ, ಹಾಜರಿ ಆಗಿಲ್ಲ. ಸಿಬ್ಬಂದಿ ಶಾಖೆಯಲ್ಲಿ ಇದಕ್ಕಿಂತ ಕೆಟ್ಟ ಸ್ಥಿತಿ ಇಲ್ಲ. ಬಿಡುಗಡೆಗೂ ಹಾಜರಿಗೂ ನಡುವಿನ ದಿನಗಳನ್ನು ಸೇವಾ ಪುಸ್ತಕದಲ್ಲಿ ಏನೆಂದು ಬರೆಯುತ್ತೀರಿ? ಹೈಕೋರ್ಟ್ ಆ ಆದೇಶ ರದ್ದು ಮಾಡಿತು. ಸುಪ್ರೀಂ ಕೋರ್ಟ್ ನಿವೃತ್ತ ನ್ಯಾಯಮೂರ್ತಿ ಡಿ.ಎಂ. ಧರ್ಮಾಧಿಕಾರಿ ಅವರ ಏಕಸದಸ್ಯ ಸಮಿತಿ ನೇಮಿಸಿ, 2020ರ ಡಿಸೆಂಬರ್‌ನಲ್ಲಿ ಅದರ ಹಂಚಿಕೆಯನ್ನು ಎತ್ತಿಹಿಡಿಯಿತು. ಐದೂವರೆ ವರ್ಷ.

ಕೆಳಗಿನವರ ಪಾಡು ಇದಾದರೆ ಮೇಲಿನವರದ್ದೂ ಕೇಳಿ. ಆಂಧ್ರಕ್ಕೆ ಹಂಚಿಕೆಯಾದ ಕೆಲವು ಐಎಎಸ್, ಐಪಿಎಸ್ ಅಧಿಕಾರಿಗಳು ಆಡಳಿತ ನ್ಯಾಯಮಂಡಳಿಯ ಆದೇಶ ಪಡೆದು ತೆಲಂಗಾಣದಲ್ಲೇ ಉಳಿದರು. ಅವರಲ್ಲಿ ಒಬ್ಬರು, ಸೋಮೇಶ್ ಕುಮಾರ್, ಆ ರಾಜ್ಯದ ಮುಖ್ಯ ಕಾರ್ಯದರ್ಶಿಯೇ ಆದರು. 2023ರ ಜನವರಿಯಲ್ಲಿ ತೆಲಂಗಾಣ ಹೈಕೋರ್ಟ್ ನ್ಯಾಯಮಂಡಳಿಯ ಆದೇಶ ರದ್ದುಪಡಿಸಿತು. ಮುಖ್ಯ ಕಾರ್ಯದರ್ಶಿ ಆಂಧ್ರಕ್ಕೆ ಹೋಗಿ ವರದಿ ಮಾಡಿಕೊಂಡು, ಸ್ವಯಂ ನಿವೃತ್ತಿ ಪಡೆದರು. 2024ರ ಅಕ್ಟೋಬರ್‌ನಲ್ಲಿ, ರಾಜ್ಯ ಒಡೆದು ಹತ್ತು ವರ್ಷ ಕಳೆದ ಮೇಲೆ, ಇನ್ನೂ ಕೆಲವು ಐಎಎಸ್ ಅಧಿಕಾರಿಗಳು ಪೆಟ್ಟಿಗೆ ಕಟ್ಟಿ ವಿಜಯವಾಡದ ದಾರಿ ಹಿಡಿದರು. ನೌಕರಶಾಹಿಯ ತುದಿಯಲ್ಲಿ ಕೂತವರಿಗೇ ಹತ್ತು ವರ್ಷ ಹಿಡಿದರೆ ಜವಾನನ ಪಾಡೇನು?

ತೆಲಂಗಾಣದ ಒಳಗೇ ಇನ್ನೊಂದು ಸಣ್ಣ ವಿಭಜನೆ ನಡೆಯಿತು. ಜಿಲ್ಲೆಗಳು ಹತ್ತರಿಂದ ಮೂವತ್ತಮೂರು ಆದವು, 2021ರ ಡಿಸೆಂಬರ್‌ನಲ್ಲಿ 317ನೇ ಆದೇಶ ಬಂತು, ನೌಕರರನ್ನು ಹೊಸ ಜಿಲ್ಲೆಗಳಿಗೆ ಹಿರಿತನದ ಮೇಲೆ ಹಂಚಿದರು. ಕಿರಿಯ ಶಿಕ್ಷಕರು ಸ್ವಂತ ಜಿಲ್ಲೆ ಬಿಟ್ಟು ಹೋಗಬೇಕಾಯಿತು. ನಲವತ್ತು ವರ್ಷ ‘ಸ್ಥಳೀಯನಿಗೆ ಕೆಲಸ’ ಎಂದು ಹೋರಾಡಿದ ನೆಲದಲ್ಲಿ.

2000ದಲ್ಲಿ ಹುಟ್ಟಿದ ಮೂರು ರಾಜ್ಯಗಳ ಬಗ್ಗೆ ಒಂದೇ ಸಂಗತಿ ಹೇಳಿ ಮುಂದೆ ಹೋಗುತ್ತೇನೆ. ಬಿಹಾರದಿಂದ ಜಾರ್ಖಂಡಿಗೆ ಹಂಚಿಕೆಯಾದ ಪರಿಶಿಷ್ಟ ಜಾತಿಯ ಒಬ್ಬ ಶಿಕ್ಷಕರು ಜಾರ್ಖಂಡಿನ ಆಡಳಿತ ಸೇವೆ ಪರೀಕ್ಷೆ ಬರೆದರು. ನೀನು ಬಿಹಾರದವನು, ಇಲ್ಲಿ ಮೀಸಲಾತಿ ಇಲ್ಲ ಎಂದರು. ಬಿಹಾರಕ್ಕೆ ಹೋದರೆ ನೀನು ಜಾರ್ಖಂಡಿನ ನೌಕರ. ಸರ್ಕಾರ ತಾನೇ ಎತ್ತಿ ಇಟ್ಟ ಮನುಷ್ಯ ಎರಡೂ ಕಡೆ ಪರದೇಶಿ! 2021ರಲ್ಲಿ ಸುಪ್ರೀಂ ಕೋರ್ಟ್, ಎರಡರಲ್ಲಿ ಒಂದು ಕಡೆ ಮೀಸಲಾತಿ ಪಡೆಯಬಹುದು, ಎರಡೂ ಕಡೆ ಆಗದು ಎಂದಿತು. ರಾಜ್ಯ ಹುಟ್ಟಿ ಇಪ್ಪತ್ತೊಂದನೇ ವರ್ಷ. ನಮ್ಮ ರಾಜ್ಯದಲ್ಲೂ 1956ರ ನಂತರ ಒಂದೇ ಜಾತಿ ಒಂದು ಜಿಲ್ಲೆಯಲ್ಲಿ ಪರಿಶಿಷ್ಟ, ಪಕ್ಕದ ಜಿಲ್ಲೆಯಲ್ಲಿ ಅಲ್ಲ ಎಂಬ ಸ್ಥಿತಿ ಇತ್ತು. ಆ ಪ್ರಾದೇಶಿಕ ಮಿತಿ ಹೋಗಿದ್ದು 1976ರ ತಿದ್ದುಪಡಿಯಿಂದ. ವರ್ಗವಾಗಿ ಹೋದ ನೌಕರನ ಜಾತಿ ಬಸ್ಸಿನಲ್ಲೇ ಬದಲಾಗುತ್ತಿತ್ತು.

ಇಷ್ಟು ಕೇಳಿದ ಮೇಲೆ ನನ್ನ ಅಭಿಪ್ರಾಯ ಏನೆಂದು ಕೇಳುತ್ತೀರಿ. ತಪ್ಪು ರಾಜ್ಯಕ್ಕೆ ಬಿದ್ದ ನೌಕರ ಹೇಗೋ ಹೊಂದಿಕೊಳ್ಳುತ್ತಾನೆ. ನಮ್ಮಪ್ಪ ಕನ್ನಡದಲ್ಲಿ ಟಿಪ್ಪಣಿ ಬರೆಯಲು ನಲವತ್ತನೇ ವಯಸ್ಸಿನಲ್ಲಿ ಕಲಿತರು. ಮಾತಾಡುವುದು ಬರುತ್ತಿತ್ತು, ಕಚೇರಿ ಕನ್ನಡ ಬರುತ್ತಿರಲಿಲ್ಲ. ‘ಮಾನ್ಯರೇ’ ಎಂದು ಬರೆದು, ಅದರ ಪಕ್ಕ ಸಣ್ಣದಾಗಿ ‘ಜನಾಬ್’ ಎಂದು ಉರ್ದುವಿನಲ್ಲಿ ಬರೆದುಕೊಳ್ಳುತ್ತಿದ್ದ ವಹಿ ನಮ್ಮ ಮನೆಯಲ್ಲಿದೆ. ಹೊಂದಿಕೊಳ್ಳಲು ಆಗದ್ದು ಆ ‘ತಾತ್ಕಾಲಿಕ’ಕ್ಕೆ. ಇವತ್ತು ನಾಳೆ ವಾಪಸು ಕಳಿಸಬಹುದು ಎಂಬ ಅನುಮಾನದಲ್ಲಿ ಅಪ್ಪ ಹತ್ತಾರು ವರ್ಷ ಮನೆ ಕಟ್ಟಿಸಲಿಲ್ಲ. 2014ರ ಕಾಯ್ದೆಯಲ್ಲೂ ಅಂತಿಮ ಹಂಚಿಕೆಗೆ ಗಡುವು ಇಲ್ಲ. ‘ಆದಷ್ಟು ಬೇಗ’ ಎಂಬ ಜಾಗದಲ್ಲಿ ಒಂದು ತಾರೀಖು ಬರೆದಿದ್ದರೆ, ಆ ತಾರೀಖು ದಾಟಿದರೆ ತಾತ್ಕಾಲಿಕವೇ ಅಂತಿಮ ಎಂದು ಒಂದು ಸಾಲು ಇದ್ದಿದ್ದರೆ, ನಾನು ಹೇಳಿದ ಪ್ರಕರಣಗಳಲ್ಲಿ ಅರ್ಧದಷ್ಟು ಕೋರ್ಟು ಮೆಟ್ಟಿಲು ಹತ್ತುತ್ತಿರಲಿಲ್ಲ ಎಂದು ನನ್ನ ನಂಬಿಕೆ. ಸಿಬ್ಬಂದಿ ಶಾಖೆಯವನ ನಂಬಿಕೆ, ಕಾನೂನು ಪಂಡಿತರು ಒಪ್ಪಬೇಕೆಂದಿಲ್ಲ.

ಮಾತು ಮುಗಿಸುವ ಹೊತ್ತಿಗೆ ಮುಂದಿನ ಸಾಲಿನಿಂದ ಒಬ್ಬ ಹಿರಿಯರು ಎದ್ದು ಕೇಳಿದರು. ‘ಸರ್, ನಾಳೆ ನಮ್ದೂ ಬ್ಯಾರೆ ರಾಜ್ಯ ಆತಂದ್ರ ನಮ್ಮ ಪೆನ್ಷನ್ ಯಾರ್ ಕೊಡ್ತಾರ್ರಿ?’

ಒಳ್ಳೆ ಪ್ರಶ್ನೆ ಎಂದೆ. ನೌಕರ ಹಂಚಿಕೆಗೆ ಸಮಿತಿ ಇರುತ್ತದೆ, ಪಿಂಚಣಿದಾರನಿಗೆ ಅನುಸೂಚಿಯಲ್ಲಿ ಒಂದು ಅನುಪಾತ ಮಾತ್ರ ಇರುತ್ತದೆ. ಮಧ್ಯಪ್ರದೇಶ, ಛತ್ತೀಸಗಡದ ಪಿಂಚಣಿದಾರರನ್ನು ಕೇಳಿ ನೋಡಿ. ವಿಭಜನಾ ಕಾಯ್ದೆಯ 49ನೇ ಕಲಮಿನ ಹೆಸರಿನಲ್ಲಿ, ಒಂದು ರಾಜ್ಯ ಪಿಂಚಣಿದಾರರ ತುಟ್ಟಿ ಪರಿಹಾರ ಹೆಚ್ಚಿಸಬೇಕಾದರೆ ಇನ್ನೊಂದು ರಾಜ್ಯದ ಒಪ್ಪಿಗೆ ಕೇಳುವ ಪದ್ಧತಿ ಅಲ್ಲಿ ಬೆಳೆಯಿತು. ಕೆಲಸದಲ್ಲಿರುವವರಿಗೆ ಹೆಚ್ಚಳ ಬಂದು ತಿಂಗಳುಗಟ್ಟಲೆ ಆದರೂ ಮುದುಕರು ಕಾಯುತ್ತಿದ್ದರು, ಪಕ್ಕದ ರಾಜ್ಯದ ಕಾಗದಕ್ಕೆ. ‘ಧಾರಾ 49’ ಎಂದರೆ ಭೋಪಾಲಿನ ಪಿಂಚಣಿದಾರರಿಗೆ ಬೈಗುಳದ ಹಾಗೆ.

ಇನ್ನು ಕೆಲಸದಲ್ಲಿರುವ ನಿಮ್ಮ ಮಕ್ಕಳ ಮಾತು. 371-ಜೆ ಬಂದಮೇಲೆ, ಅಂದರೆ 2013ರಿಂದ, ನಮ್ಮ ಭಾಗಕ್ಕೆ ಸ್ಥಳೀಯ ವೃಂದ ಎಂದು ಪ್ರತ್ಯೇಕವಾಗಿ ಆಗಿದೆಯಲ್ಲ, ಅದು ಆಂಧ್ರದ 371-ಡಿಯನ್ನು ನೋಡಿ ಮಾಡಿದ್ದು. ಅಂಥ ದಿನ ಬಂದರೆ ಸ್ಥಳೀಯ ವೃಂದದವರಿಗೆ ಹೆಚ್ಚು ತೊಂದರೆ ಆಗಲಿಕ್ಕಿಲ್ಲ, ಕೂತಲ್ಲೇ ಕೂತಿರುತ್ತಾರೆ. ಒದ್ದಾಡುವವರು ವಿಧಾನಸೌಧದಲ್ಲಿ, ಎಂ.ಎಸ್. ಬಿಲ್ಡಿಂಗಿನಲ್ಲಿ ಇರುವ ನಮ್ಮ ಹುಡುಗರು. ಯಲಹಂಕದಲ್ಲಿ ಸೈಟು ತೆಗೆದುಕೊಂಡವರು.

‘ಹಂಗಾದ್ರ ಈಗ ನಾವೇನ್ ಮಾಡ್ಬೇಕ್ರಿ?’ ಎಂದರು.

ರಾಜ್ಯ ಒಡೆಯುವುದು ಬಿಡುವುದು ನಮ್ಮ ಕೈಯಲ್ಲಿಲ್ಲ, ಎಲ್ಲ ಕಂಪ್ಯೂಟರಿನಲ್ಲಿದೆ ಎಂದು ನಂಬಬೇಡಿ, ಸೇವಾ ಪುಸ್ತಕದ ಪೂರ್ತಿ ನಕಲು ಒಂದು ಮನೆಯಲ್ಲಿಟ್ಟುಕೊಳ್ಳಲು ಹುಡುಗರಿಗೆ ಹೇಳಿ ಎಂದೆ. ಅಪ್ಪನದರಲ್ಲಿ ಉರ್ದುವಿನ ನಾಲ್ಕನೇ ಪುಟ ಮೂಲದಿಂದ ಕಳಚಿಹೋಗಿತ್ತು. ಅವರ ಹನ್ನೊಂದು ತಿಂಗಳ ಸೇವೆಗೆ ಉಳಿದ ಸಾಕ್ಷಿ, ಅವರು ಕೈಬರಹದಲ್ಲಿ ಇಳಿಸಿಕೊಂಡು ಸಹಿ ಮಾಡಿಸಿಟ್ಟ ಈ ನಕಲು ಒಂದೇ.

ಹಿರಿಯರು ಕೈ ಚಾಚಿ ಅದನ್ನು ಇಸಿದುಕೊಂಡರು. ಕನ್ನಡಕ ಏರಿಸಿ ಉರ್ದು ಪುಟವನ್ನು ಬಲದಿಂದ ಎಡಕ್ಕೆ ಸಲೀಸಾಗಿ ಓದತೊಡಗಿದರು.